ಕೇಳಿದ ಕೆಲಸ ಆಯಿತೆ? ಶಿವಮೊಗ್ಗ–ಭದ್ರಾವತಿಯ ಆಡುಮಾತು ಮತ್ತು ಕನ್ನಡ ಧ್ವನಿ ಶೋಧದ ಅಳತೆ

ಸಾರಾಂಶ

ಮೊಬೈಲಿಗೆ ಕನ್ನಡದಲ್ಲಿ ಮಾತಾಡಿ ಮಾಹಿತಿ ಹುಡುಕುವ ರೂಢಿ ಶಿವಮೊಗ್ಗ, ಭದ್ರಾವತಿಯಂಥ ನಗರಗಳಲ್ಲಿ ದಿನಬಳಕೆಯ ಭಾಗವಾಗಿದೆ. ಯಂತ್ರ ಎಷ್ಟು ಪದಗಳನ್ನು ತಪ್ಪಿಲ್ಲದೆ ಬರೆದುಕೊಂಡಿತು ಎಂಬುದೇ ಈ ತಂತ್ರಜ್ಞಾನದ ಯಶಸ್ಸಿನ ಅಳತೆಯಾಗಿ ಚಾಲ್ತಿಯಲ್ಲಿದೆ. ಈ ಅಳತೆ ಕನ್ನಡದ ಪದರಚನೆಗೂ ಆಡುಮಾತಿಗೂ ಒಗ್ಗುವುದಿಲ್ಲ. ಕೇಳಿದವರ ಕೆಲಸ ಆಯಿತೇ ಎಂಬುದನ್ನು ಅಳೆಯಬೇಕು. ಅದಕ್ಕೆ ಬೇಕಾದ ಮಾತಿನ ಸಂಗ್ರಹ ಸ್ಥಳೀಯವಾಗಿಯೇ ನಡೆಯಬೇಕು ಎಂಬುದು ಈ ಲೇಖನದ ವಾದ.

ಮುಖ್ಯ ಪದಗಳು: ಧ್ವನಿ ಶೋಧ, ಧ್ವನಿ ಸಹಾಯಕ, ಮಾತಿನ ಗುರುತಿಸುವಿಕೆ, ಆಡುಮಾತು, ಶಿವಮೊಗ್ಗ, ಭದ್ರಾವತಿ

1. ಪೀಠಿಕೆ

ಕನ್ನಡವನ್ನು ಮೊಬೈಲಿನಲ್ಲಿ ಟೈಪ್ ಮಾಡುವುದು ಅಕ್ಷರ ಬಲ್ಲವರಿಗೂ ಸುಲಭದ ಕೆಲಸವಲ್ಲ. ಕಾಗುಣಿತ, ಒತ್ತಕ್ಷರ, ಅರ್ಕಾವತ್ತುಗಳನ್ನು ಅಂಗೈಯಗಲದ ಪರದೆಯಲ್ಲಿ ಹುಡುಕಿ ಒತ್ತುವ ಬದಲು ಬಹಳ ಮಂದಿ ಇಂಗ್ಲಿಷ್ ಲಿಪಿಯಲ್ಲೇ ಕನ್ನಡ ಬರೆಯುತ್ತ ಬಂದರು. ಮೈಕಿನ ಗುರುತು ಒತ್ತಿ ಮಾತಾಡುವ ಸೌಲಭ್ಯ ಬಂದಾಗ ಈ ಅಡ್ಡಿ ಒಮ್ಮೆಲೇ ದೂರವಾಯಿತು. ಓದುಬರಹ ಕಡಿಮೆ ಇರುವವರು, ಕಣ್ಣು ಮಂಜಾದ ಹಿರಿಯರು, ದೃಷ್ಟಿದೋಷವುಳ್ಳವರು, ಎರಡೂ ಕೈಗೆ ಕೆಲಸವಿರುವ ಮೆಕ್ಯಾನಿಕ್ಕು, ಆಟೋ ಚಾಲಕ, ಮಂಡಿಯ ಗುಮಾಸ್ತ, ಎಲ್ಲರಿಗೂ ಇದು ನಿಜವಾದ ಅನುಕೂಲ. ಆ ಅನುಕೂಲವನ್ನು ಈ ಲೇಖನ ಪ್ರಶ್ನಿಸುವುದಿಲ್ಲ. ಬಳಕೆ ಹೆಚ್ಚಿದ ಮಾತ್ರಕ್ಕೆ ಯಂತ್ರಕ್ಕೆ ನಮ್ಮ ಮಾತು ಅರ್ಥವಾಗುತ್ತಿದೆ ಎಂದು ತೀರ್ಮಾನಿಸುವುದನ್ನು ಪ್ರಶ್ನಿಸುತ್ತದೆ. ಯಂತ್ರಕ್ಕೆ ತಿಳಿಯಲೆಂದು ಜನ ತಮ್ಮ ಮಾತನ್ನೇ ತಿದ್ದಿಕೊಳ್ಳುತ್ತಿದ್ದರೂ ಬಳಕೆಯ ಅಂಕಿ ಏರುತ್ತಲೇ ಇರುತ್ತದೆ.

2. ಎರಡು ನಗರ, ಹಲವು ನುಡಿ

ತುಂಗೆಯ ದಡದ ಶಿವಮೊಗ್ಗ ಮತ್ತು ಭದ್ರೆಯ ದಡದ ಭದ್ರಾವತಿಯ ನಡುವಿನ ದೂರ ಇಪ್ಪತ್ತು ಕಿಲೋಮೀಟರಿನಷ್ಟು. ಆದರೂ ಎರಡೂ ಊರುಗಳ ಮಾತು ಬೆಳೆದ ಬಗೆ ಬೇರೆ. ಶಿವಮೊಗ್ಗ ಮಲೆನಾಡಿನ ಹೆಬ್ಬಾಗಿಲು. ತೀರ್ಥಹಳ್ಳಿ, ಹೊಸನಗರ, ಸಾಗರದ ಮಲೆನಾಡು ಕನ್ನಡ, ಹವ್ಯಕ ಕನ್ನಡ, ಶಿಕಾರಿಪುರ ಹಾಗೂ ಹೊನ್ನಾಳಿ ಕಡೆಯ ಬಯಲುಸೀಮೆಯ ಕನ್ನಡ, ಉರ್ದು, ಲಂಬಾಣಿ, ಕೊಂಕಣಿ, ಎಲ್ಲವೂ ಇಲ್ಲಿನ ಸಂತೆ, ಆಸ್ಪತ್ರೆ, ಕಚೇರಿಗಳಲ್ಲಿ ಎದುರುಬದುರಾಗುತ್ತವೆ. ಹಿಂದೆ ಬೆಂಕಿಪುರವೆನಿಸಿದ್ದ ಭದ್ರಾವತಿಯನ್ನು ಕಟ್ಟಿದ್ದು ಕಾರ್ಖಾನೆಗಳು. 1923ರಲ್ಲಿ ಉತ್ಪಾದನೆ ಆರಂಭಿಸಿದ ಮೈಸೂರು ಕಬ್ಬಿಣದ ಕಾರ್ಖಾನೆ, 1936ರಲ್ಲಿ ಸ್ಥಾಪನೆಯಾದ ಮೈಸೂರು ಕಾಗದ ಕಾರ್ಖಾನೆ ತಮಿಳು, ತೆಲುಗು, ಮಲಯಾಳಂ ಮನೆಮಾತಿನ ಸಾವಿರಾರು ಕುಟುಂಬಗಳನ್ನು ಕರೆತಂದವು. ಅವರ ಮೂರನೆಯ, ನಾಲ್ಕನೆಯ ತಲೆಮಾರು ಇಂದು ಕನ್ನಡವನ್ನು ತನ್ನದೇ ಉಚ್ಚಾರ, ತನ್ನದೇ ಏರಿಳಿತದಲ್ಲಿ ಆಡುತ್ತದೆ.

ಕಿವಿಯ ಮೂಲಕ ಮಾಹಿತಿ ಪಡೆಯುವುದು ಈ ಭಾಗಕ್ಕೆ ಹೊಸತೂ ಅಲ್ಲ. 1965ರಲ್ಲಿ ಆರಂಭವಾದ ಆಕಾಶವಾಣಿ ಭದ್ರಾವತಿ 675 ಕಿಲೋಹರ್ಟ್ಸಿನಲ್ಲಿ ವಾರ್ತೆ, ಕೃಷಿ ಸಲಹೆ, ಹವಾಮಾನಗಳನ್ನು ಮನೆಮನೆಗೆ ತಲುಪಿಸಿತು. 2004ರಲ್ಲಿ ದೇಶದಾದ್ಯಂತ ಶುರುವಾದ ಕಿಸಾನ್ ಕಾಲ್ ಸೆಂಟರಿಗೆ ರೈತರು ತಮ್ಮ ಭಾಷೆಯಲ್ಲೇ ಕರೆ ಮಾಡಿ ಕೇಳುವಂತಾಯಿತು. ಅಲ್ಲಿ ಕೇಳಿಸಿಕೊಳ್ಳುತ್ತಿದ್ದುದು ಮನುಷ್ಯರ ಕಿವಿ. ಅರ್ಥವಾಗದಿದ್ದರೆ ಮತ್ತೊಮ್ಮೆ ಕೇಳುವ, ಊರು ಯಾವುದೆಂದು ವಿಚಾರಿಸುವ, ಅರ್ಧ ಹೇಳಿದ್ದನ್ನು ಪೂರ್ತಿ ಮಾಡಿಕೊಳ್ಳುವ ಶಕ್ತಿ ಅದಕ್ಕಿತ್ತು. ಧ್ವನಿ ಸಹಾಯಕವನ್ನು ಹೋಲಿಸಬೇಕಾದದ್ದು ಈ ಪರಂಪರೆಯೊಂದಿಗೆ.

3. ಯಂತ್ರ ಕನ್ನಡ ಕಲಿತ ಬಗೆ

ಮಾತನ್ನು ಗುರುತಿಸುವ ಯಂತ್ರದ ಇತಿಹಾಸ 1952ರಲ್ಲಿ ಬೆಲ್ ಪ್ರಯೋಗಾಲಯದ ‘ಆಡ್ರಿ’ಯಿಂದ ಆರಂಭವಾಗುತ್ತದೆ. ಅದು ಗುರುತಿಸುತ್ತಿದ್ದುದು ಅಂಕಿಗಳನ್ನು ಮಾತ್ರ. 1962ರ ಐಬಿಎಂ ‘ಶೂಬಾಕ್ಸ್’ 16 ಪದಗಳಿಗೆ ಬೆಳೆಯಿತು. 2011ರಲ್ಲಿ ಆ್ಯಪಲ್‌ನ ಸಿರಿ, 2014ರಲ್ಲಿ ಅಮೆಜಾನಿನ ಅಲೆಕ್ಸಾ, 2016ರಲ್ಲಿ ಗೂಗಲ್ ಅಸಿಸ್ಟೆಂಟ್ ಬಂದವು. ಕನ್ನಡಿಗರಿಗೆ ಮುಖ್ಯವಾದ ವರ್ಷಗಳು ಎರಡು. 2017ರ ಆಗಸ್ಟಿನಲ್ಲಿ ಗೂಗಲ್ ತನ್ನ ಧ್ವನಿ ಟೈಪಿಂಗಿಗೆ ಕನ್ನಡವೂ ಸೇರಿ ಎಂಟು ಭಾರತೀಯ ಭಾಷೆಗಳನ್ನು ಸೇರಿಸಿತು. 2019ರಲ್ಲಿ ಅದರ ಸಹಾಯಕವೂ ಕನ್ನಡ ಕೇಳತೊಡಗಿತು. 2016ರ ನಂತರ 4ಜಿ ಡೇಟಾ ಅಗ್ಗವಾದದ್ದು, ಸ್ಮಾರ್ಟ್‌ಫೋನ್ ಮನೆಮನೆಗೆ ಬಂದದ್ದು ಇದಕ್ಕೆ ನೆಲ ಹದಮಾಡಿತ್ತು.

ಯಂತ್ರ ನಮ್ಮ ದನಿಯನ್ನು ಸುಮಾರು 25 ಮಿಲಿಸೆಕೆಂಡುಗಳ ಚೂರುಗಳಾಗಿ ಬಿಡಿಸಿ, ಒಂದೊಂದು ಚೂರಿನ ಧ್ವನಿಲಕ್ಷಣವನ್ನು ಲೆಕ್ಕ ಹಾಕಿ, ಯಾವ ಅಕ್ಷರಗಳ ಸಾಲು ಅದಕ್ಕೆ ಹೆಚ್ಚು ಹೊಂದುತ್ತದೆ ಎಂದು ಅಂದಾಜಿಸುತ್ತದೆ. ಅಂದಾಜಿಗೆ ಆಧಾರ ಮೊದಲೇ ಕೇಳಿಸಿದ ಮಾತು. ಆ ಮಾತು ಎಲ್ಲಿಂದ ಬಂತು ಎಂಬುದೇ ನಿರ್ಣಾಯಕ ಪ್ರಶ್ನೆ. ಐಐಟಿ ಮದ್ರಾಸಿನ ಎಐ4ಭಾರತ್ ತಂಡದ ‘ಶ್ರುತಿಲಿಪಿ’ ಸಂಗ್ರಹದಲ್ಲಿ 12 ಭಾಷೆಗಳ 6,400 ಗಂಟೆಗೂ ಮಿಕ್ಕಿದ ಮಾತಿದೆ. ಅದರಲ್ಲಿ ಕನ್ನಡವೂ ಒಂದು. ಮೂಲ, ಆಕಾಶವಾಣಿಯ ವಾರ್ತೆಗಳು. ಬಾನುಲಿಯ ದನಿ ಯಂತ್ರದ ಪಾಠವಾದದ್ದು ಸಂತೋಷದ ಸಂಗತಿ. ಆದರೆ ವಾರ್ತೆ ಓದುವ ಕನ್ನಡ ಬರಹದ ಕನ್ನಡ: ತಡವರಿಕೆಯಿಲ್ಲದ, ಗದ್ದಲವಿಲ್ಲದ ಕೋಣೆಯಲ್ಲಿ ಓದಿದ ಕನ್ನಡ. ಅದನ್ನೇ ಕೇಳಿ ಬೆಳೆದ ಯಂತ್ರ ಶಿವಮೊಗ್ಗದ ಗೋಪಿ ಸರ್ಕಲ್ಲಿನಲ್ಲಿ ನಿಂತವರ ಮಾತಿಗೆ ತಬ್ಬಿಬ್ಬಾಗುವುದು ಸಹಜ.

ಈ ಕೊರತೆಯನ್ನು ಸಂಶೋಧಕರು ಬಲ್ಲರು. ಭಾರತೀಯ ವಿಜ್ಞಾನ ಸಂಸ್ಥೆಯ ‘ರೆಸ್ಪಿನ್’ ಯೋಜನೆ ಕನ್ನಡವೂ ಸೇರಿ ಒಂಬತ್ತು ಭಾಷೆಗಳಲ್ಲಿ ಕೃಷಿ ಹಾಗೂ ಹಣಕಾಸಿನ ಮಾತನ್ನು ಉಪಭಾಷೆಗಳ ಸಮೇತ ಸಂಗ್ರಹಿಸಿತು. ಅದೇ ಸಂಸ್ಥೆ ಗೂಗಲ್ ಜೊತೆ 2022ರಲ್ಲಿ ಪ್ರಕಟಿಸಿದ ‘ವಾಣಿ’ ಯೋಜನೆ ದೇಶದ ಜಿಲ್ಲೆ ಜಿಲ್ಲೆಯ ಮಾತನ್ನು ಕೂಡಿಹಾಕುವ ಗುರಿ ಹೊತ್ತಿದೆ. ಚಿತ್ರ ತೋರಿಸಿ, ಕಂಡದ್ದನ್ನು ಅವರವರ ಮಾತಿನಲ್ಲೇ ಹೇಳಿಸುವುದು ಅದರ ವಿಧಾನ. ಬರೆದದ್ದನ್ನು ಓದಿಸುವ ಹಳೆಯ ಕ್ರಮಕ್ಕಿಂತ ಇದು ಆಡುಮಾತಿಗೆ ಹೆಚ್ಚು ಹತ್ತಿರ. ಕೇಂದ್ರ ಸರ್ಕಾರದ ‘ಭಾಷಿಣಿ’ಯೂ 2022ರಿಂದ ಇದೇ ದಾರಿಯಲ್ಲಿದೆ.

4. ಊರು, ದರ, ಕಾಗದಪತ್ರ

ಈ ಎರಡು ನಗರಗಳಲ್ಲಿ ಬಾಯಿಬಿಟ್ಟು ಕೇಳಬಹುದಾದ ದಿನನಿತ್ಯದ ಪ್ರಶ್ನೆಗಳನ್ನು ಸ್ಥೂಲವಾಗಿ ಮೂರು ಗುಂಪು ಮಾಡಬಹುದು. ಒಂದೊಂದರಲ್ಲೂ ತೊಡಕಿನ ಸ್ವರೂಪ ಬೇರೆ.

ಮೊದಲನೆಯದು ಸ್ಥಳ. ಶಿವಮೊಗ್ಗದ ದೊಡ್ಡ ಸರ್ಕಾರಿ ಆಸ್ಪತ್ರೆ ಜನರ ಬಾಯಲ್ಲಿ ‘ಮೆಗ್ಗಾನ್’. ಇಂಗ್ಲಿಷ್ ಹೆಸರಿನ ಮೂಲ ಉಚ್ಚಾರವನ್ನು ಮಾತ್ರ ಕಲಿತ ಯಂತ್ರಕ್ಕೆ ಈ ರೂಪ ಅಪರಿಚಿತ. ಭದ್ರಾವತಿಯ ನ್ಯೂಟೌನ್, ಓಲ್ಡ್ ಟೌನ್, ಪೇಪರ್ ಟೌನ್‌ಗಳು ಊರಿನವರಿಗೆ ಖಚಿತ ವಿಳಾಸಗಳು. ಹೊರಗಿನ ಕಿವಿಗೆ ಬರೀ ಸಾಮಾನ್ಯ ಇಂಗ್ಲಿಷ್ ಪದಗಳು. 2014ರ ನವೆಂಬರ್ 1ರಂದು ಶಿವಮೊಗ್ಗ ಎಂಬ ಹೆಸರು ಇಂಗ್ಲಿಷಿನಲ್ಲೂ ಅಧಿಕೃತವಾದ ಮೇಲೂ ‘ಶಿಮೊಗ್ಗ’ ರೂಪ ಹಳೆಯ ಫಲಕ, ಹಳೆಯ ಕಡತ, ಹಳೆಯ ಜಾಲತಾಣಗಳಲ್ಲಿ ಉಳಿದಿದೆ. ಎರಡೂ ಒಂದೇ ಊರೆಂದು ಯಂತ್ರಕ್ಕೆ ಬಿಡಿಸಿ ಹೇಳಿಕೊಡಬೇಕು.

ಎರಡನೆಯದು ದರ. ಅಡಿಕೆ ಬೆಳೆಗಾರನಿಗೆ ಬೆಳಗಾದರೆ ಬೇಕಾದದ್ದು ಮಂಡಿ ಧಾರಣೆ. ಶಿವಮೊಗ್ಗ ಮಾರುಕಟ್ಟೆಯಲ್ಲಿ ಅಡಿಕೆಯನ್ನು ಸರಕು, ಬೆಟ್ಟೆ, ರಾಶಿ, ಗೊರಬಲು ಎಂದು ವಿಂಗಡಿಸುತ್ತಾರೆ. ಒಂದಕ್ಕೂ ಇನ್ನೊಂದಕ್ಕೂ ಕ್ವಿಂಟಲಿಗೆ ಸಾವಿರಗಟ್ಟಲೆ ವ್ಯತ್ಯಾಸ. ಯಂತ್ರದ ಭಾಷಾ ಮಾದರಿ ಹೆಚ್ಚು ಬಳಕೆಯ ಪದದ ಕಡೆ ವಾಲುತ್ತದೆ. ಹಾಗಾಗಿ ‘ಬೆಟ್ಟೆ’ ಎಂದದ್ದು ‘ಬಟ್ಟೆ’ಯಾಗಬಹುದು, ‘ಇವತ್ತಿನ ರಾಶಿ’ ಎಂದರೆ ದಿನಭವಿಷ್ಯ ಎದುರಿಗೆ ಬರಬಹುದು. ಮಂಡಿಯಲ್ಲಿ ಕುಳಿತ ಯಾರಿಗೂ ಇಂಥ ಗೊಂದಲವಾಗದು, ಏಕೆಂದರೆ ಅವರಿಗೆ ಕೇಳುತ್ತಿರುವವರು ಯಾರು, ಏಕೆ ಕೇಳುತ್ತಿದ್ದಾರೆ ಎಂಬುದು ಗೊತ್ತು.

ಮೂರನೆಯದು ಕಾಗದಪತ್ರ: ಪಹಣಿ, ಪಡಿತರ ಚೀಟಿ, ಜಾತಿ–ಆದಾಯ ಪ್ರಮಾಣಪತ್ರ, ಪಿಂಚಣಿ. ಜನ ‘ಪಹಣಿ ತೆಗ್ಯೋದು ಹೆಂಗೆ’ ಎನ್ನುತ್ತಾರೆ. ಇಲಾಖೆಯ ಜಾಲತಾಣಗಳು ‘ಆರ್‌ಟಿಸಿ’ ಎನ್ನುತ್ತವೆ. ಮಾತು ಸರಿಯಾಗಿ ಕೇಳಿಸಿದರೂ ಉತ್ತರದ ಬಾಗಿಲು ಬೇರೆ ಹೆಸರಿನಲ್ಲಿರುವುದರಿಂದ ಕೇಳಿದವರು ಹೊರಗೇ ಉಳಿಯುತ್ತಾರೆ.

5. ಅಳತೆಯ ಪ್ರಶ್ನೆ

ಮಾತಿನ ಗುರುತಿಸುವಿಕೆಯನ್ನು ಪದದೋಷ ಪ್ರಮಾಣದಿಂದ ಅಳೆಯುವುದು ವಾಡಿಕೆ. ಬದಲಾದ, ಬಿಟ್ಟುಹೋದ, ಹೆಚ್ಚಾಗಿ ಸೇರಿದ ಪದಗಳನ್ನು ಕೂಡಿ, ನಿಜವಾಗಿ ಆಡಿದ ಪದಗಳ ಸಂಖ್ಯೆಯಿಂದ ಭಾಗಿಸುತ್ತಾರೆ. ಪದಗಳು ಬಿಡಿಬಿಡಿಯಾಗಿ ನಿಲ್ಲುವ ಇಂಗ್ಲಿಷಿಗೆ ಇದು ತಕ್ಕಮಟ್ಟಿಗೆ ಒಪ್ಪುತ್ತದೆ. ವಿಭಕ್ತಿ ಪ್ರತ್ಯಯ, ಸಂಧಿ, ಕ್ರಿಯಾಪದ ಎಲ್ಲವೂ ಒಂದರೊಳಗೊಂದು ಬೆಸೆದುಕೊಳ್ಳುವ ಕನ್ನಡಕ್ಕೆ ಒಪ್ಪುವುದಿಲ್ಲ.

ಶಿವಮೊಗ್ಗದ ಬಸ್ ನಿಲ್ದಾಣದಲ್ಲಿ ನಿಂತವರೊಬ್ಬರು ‘ಭದ್ರಾವತಿಗೆ ಕೊನೆ ಬಸ್ ಎಷ್ಟೊತ್ತಿಗೈತೆ’ ಎಂದು ಕೇಳಿದರು ಎನ್ನೋಣ. ಒಟ್ಟು ನಾಲ್ಕು ಪದ. ಮೊದಲ ಯಂತ್ರ ಅದನ್ನು ‘ಭದ್ರಾವತಿಗೆ ಕೊನೆಯ ಬಸ್ ಎಷ್ಟು ಹೊತ್ತಿಗೆ ಇದೆ’ ಎಂದು ಬರೆದುಕೊಂಡಿತು. ಲೆಕ್ಕದಲ್ಲಿ ಎರಡು ಪದ ಬದಲು, ಎರಡು ಪದ ಹೆಚ್ಚು. ದೋಷ ನೂರಕ್ಕೆ ನೂರು. ಅರ್ಥ ಮಾತ್ರ ಒಂದಿಷ್ಟೂ ಕೆಟ್ಟಿಲ್ಲ. ಎರಡನೆಯ ಯಂತ್ರ ‘ಭದ್ರಾವತಿ ಕೊನೆ ಬಸ್ ಎಷ್ಟೊತ್ತಿಗೈತೆ’ ಎಂದು ಬರೆದುಕೊಂಡಿತು. ನಿಲ್ದಾಣದ ಗದ್ದಲದಲ್ಲಿ ‘ಗೆ’ ಎಂಬ ಪ್ರತ್ಯಯ ಕಳೆದುಹೋಯಿತು. ದೋಷ ನೂರಕ್ಕೆ ಇಪ್ಪತ್ತೈದು. ಅಕ್ಷರ ಲೆಕ್ಕ ಹಿಡಿದರೆ ಇನ್ನೂ ಕಡಿಮೆ. ಆದರೆ ಹೋಗುವ ದಿಕ್ಕೇ ಅಳಿಸಿತು. ಭದ್ರಾವತಿಯಿಂದ ಹೊರಡುವ ಬಸ್ಸಿನ ಹೊತ್ತನ್ನು ಅದು ಹೇಳಿಬಿಟ್ಟರೆ, ನಂಬಿ ನಿಂತವರಿಗೆ ಕೊನೆ ಬಸ್ ತಪ್ಪುತ್ತದೆ. ಚಾಲ್ತಿಯ ಅಳತೆ ಮೊದಲ ಯಂತ್ರವನ್ನು ಫೇಲು ಮಾಡಿ ಎರಡನೆಯದನ್ನು ಮೆಚ್ಚುತ್ತದೆ.

‘ಐತೆ’ ಎನ್ನುವವರು, ‘ಇದೆ’ ಎನ್ನುವವರು, ‘ಉಂಟು’ ಎನ್ನುವವರು ಮೂವರೂ ಶಿವಮೊಗ್ಗದ ಒಂದೇ ಸಾಲಿನಲ್ಲಿ ನಿಲ್ಲುತ್ತಾರೆ. ಈ ವೈವಿಧ್ಯವನ್ನು ದೋಷವೆಂದು ಎಣಿಸುವ ಅಳತೆಗೆ ತಕ್ಕಂತೆ ಯಂತ್ರವನ್ನು ತಿದ್ದುತ್ತ ಹೋದರೆ ಗ್ರಾಂಥಿಕ ಕನ್ನಡ ಆಡುವವರಿಗಷ್ಟೇ ಸೇವೆ ಸುಧಾರಿಸುತ್ತದೆ. ಆದ್ದರಿಂದ ನಾನು ಸೂಚಿಸುವುದು ಕಾರ್ಯಸಿದ್ಧಿಯ ಅಳತೆ. ಅದರಲ್ಲಿ ಮೂರು ಅಂಶಗಳಿರಬೇಕು: ಪ್ರಶ್ನೆಯ ತಿರುಳಾದ ಸ್ಥಳ, ವಸ್ತು, ದಿಕ್ಕು, ಕಾಲ ಉಳಿದವೇ, ಕೇಳಿದವರು ತಮ್ಮ ಮಾತನ್ನು ಬದಲಿಸದೆ, ಇಂಗ್ಲಿಷಿಗೆ ಹೊರಳದೆ ಉತ್ತರ ಪಡೆದರೇ, ಪಡೆದ ಉತ್ತರ ಕನ್ನಡದಲ್ಲಿತ್ತೇ, ನಿಜವಾಗಿತ್ತೇ. ಫಲಿತಾಂಶವನ್ನು ರಾಜ್ಯಕ್ಕೊಂದು ಸರಾಸರಿಯಾಗಿ ಕೊಡದೆ ಊರು, ವಯಸ್ಸು, ಲಿಂಗ, ಮನೆಮಾತುಗಳ ಪ್ರಕಾರ ಬಿಡಿಸಿ ಕೊಡಬೇಕು. ಸರಾಸರಿಯಲ್ಲಿ ಭದ್ರಾವತಿಯ ತಮಿಳು ಮನೆಮಾತಿನ ಅಜ್ಜಿಯ ಕನ್ನಡ ಕಾಣಿಸುವುದಿಲ್ಲ.

6. ಉತ್ತರದ ಬಡತನ, ದನಿಯ ಒಡೆತನ

ಯಂತ್ರದ ಕಿವಿ ಎಷ್ಟೇ ಚುರುಕಾದರೂ ಹೇಳಲು ಕನ್ನಡದಲ್ಲಿ ಸರಕಿರಬೇಕು. 2003ರಲ್ಲಿ ಆರಂಭವಾದ ಕನ್ನಡ ವಿಕಿಪೀಡಿಯದ ಲೇಖನಗಳು ಮೂವತ್ತು ಸಾವಿರದ ಆಸುಪಾಸಿನಲ್ಲಿದ್ದರೆ ತಮಿಳಿನವು ಒಂದೂವರೆ ಲಕ್ಷ ದಾಟಿವೆ. ಬೆರಳಿನಿಂದ ಹುಡುಕುವವರ ಮುಂದೆ ಹತ್ತು ಕೊಂಡಿಗಳ ಪಟ್ಟಿ ಇರುತ್ತದೆ, ಆರಿಸಿಕೊಳ್ಳಬಹುದು. ದನಿಯಲ್ಲಿ ಕೇಳುವವರಿಗೆ ಸಿಗುವುದು ಹೆಚ್ಚಾಗಿ ಒಂದೇ ಉತ್ತರ. ಅದು ಹಳೆಯದೋ ತಪ್ಪೋ ಆಗಿದ್ದರೆ ಪರೀಕ್ಷಿಸಲು ಇನ್ನೊಂದು ಪಕ್ಕದಲ್ಲಿರುವುದಿಲ್ಲ. ಓದಲಾಗದ ಕಾರಣಕ್ಕೇ ದನಿಯನ್ನು ನೆಚ್ಚಿದವರಿಗೆ ಈ ಅಪಾಯ ಎಲ್ಲರಿಗಿಂತ ಹೆಚ್ಚು. ಔಷಧ, ಸಾಲ, ಜಮೀನಿನ ವಿಷಯದಲ್ಲಿ ಸಹಾಯಕವು ಉತ್ತರದ ಮೂಲವನ್ನೂ ದಿನಾಂಕವನ್ನೂ ಬಾಯಿಬಿಟ್ಟು ಹೇಳುವಂತಾಗಬೇಕು.

ದನಿ ವ್ಯಕ್ತಿಯ ಗುರುತೂ ಹೌದು, ಆದ್ದರಿಂದ ಅದನ್ನು ಸಂಗ್ರಹಿಸಲು ಒಪ್ಪಿಗೆ ಬೇಕು. 2023ರ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆ ಒಪ್ಪಿಗೆಯ ಸೂಚನೆಯನ್ನು ಇಂಗ್ಲಿಷಿನಲ್ಲಾಗಲಿ ಎಂಟನೇ ಅನುಸೂಚಿಯ ಯಾವುದೇ ಭಾಷೆಯಲ್ಲಾಗಲಿ ಪಡೆಯುವ ಅವಕಾಶ ಕೊಡುತ್ತದೆ. ಓದಲು ಬಾರದವರಿಗೆ ಆ ಸೂಚನೆಯನ್ನು ಕನ್ನಡದಲ್ಲಿ ಓದಿ ಹೇಳಿದಾಗಲೇ ಒಪ್ಪಿಗೆಗೆ ಅರ್ಥ. ಸಂಗ್ರಹಕ್ಕೆ ತಮ್ಮ ದನಿ ಕೊಟ್ಟವರಿಗೆ ಸಂಭಾವನೆಯೂ ಸಲ್ಲಬೇಕು.

7. ಉಪಸಂಹಾರ

ಮೇಲಿನ ವಿಶ್ಲೇಷಣೆಯಿಂದ ಹೊರಡುವ ಕೆಲಸ ಸ್ಪಷ್ಟವಾಗಿದೆ, ಅದನ್ನು ಮಾಡಬಲ್ಲ ಸಂಸ್ಥೆಗಳೂ ಇಲ್ಲೇ ಇವೆ. ಶಂಕರಘಟ್ಟದ ಕುವೆಂಪು ವಿಶ್ವವಿದ್ಯಾಲಯದ ಕನ್ನಡ ಭಾರತಿ ವಿಭಾಗಕ್ಕೆ ಆಡುಮಾತಿನ ಅಧ್ಯಯನದ ಪರಿಣತಿಯಿದೆ. ಕೆಳದಿ ಶಿವಪ್ಪ ನಾಯಕ ಕೃಷಿ ಮತ್ತು ತೋಟಗಾರಿಕಾ ವಿಜ್ಞಾನಗಳ ವಿಶ್ವವಿದ್ಯಾಲಯಕ್ಕೆ ರೈತರ ಪ್ರಶ್ನೆಗಳ ಪರಿಚಯವಿದೆ. ಆಕಾಶವಾಣಿ ಭದ್ರಾವತಿಗೆ ದಶಕಗಳ ದನಿಯ ಅನುಭವವಿದೆ. ಶಿವಮೊಗ್ಗದ ಎಂಜಿನಿಯರಿಂಗ್ ಕಾಲೇಜುಗಳಲ್ಲಿ ತಂತ್ರಜ್ಞಾನ ಬಲ್ಲ ಯುವಕ ಯುವತಿಯರಿದ್ದಾರೆ. ಇವರೆಲ್ಲ ಕೂಡಿ ಮಂಡಿ, ಬಸ್ ನಿಲ್ದಾಣ, ಆಸ್ಪತ್ರೆ, ನಾಡಕಚೇರಿಗಳ ನಿಜವಾದ ಪ್ರಶ್ನೆಗಳನ್ನು ಒಪ್ಪಿಗೆ ಪಡೆದು ಸಂಗ್ರಹಿಸಿ, ಸ್ಥಳನಾಮಗಳ ಆಡುರೂಪಗಳನ್ನು ದಾಖಲಿಸಿ, ಎಲ್ಲರಿಗೂ ಮುಕ್ತವಾಗಿ ಬಿಡುಗಡೆ ಮಾಡಬೇಕು. ಯಾವ ಕಂಪನಿಯ ಸಹಾಯಕವೇ ಆಗಲಿ, ಕನ್ನಡ ಬರುತ್ತದೆ ಎಂದು ಹೇಳಿಕೊಳ್ಳುವ ಮೊದಲು ಈ ಪ್ರಶ್ನೆಗಳ ಮುಂದೆ ನಿಂತು ಉತ್ತರಿಸಲಿ. ಶಿವಮೊಗ್ಗ–ಭದ್ರಾವತಿಯ ಜನ ತಮ್ಮ ಮಾತನ್ನು ತಿದ್ದಿಕೊಳ್ಳದೆಯೇ ಕೆಲಸ ಮುಗಿಸಿಕೊಳ್ಳುವಂತಾದಾಗ ಮಾತ್ರ ಧ್ವನಿ ಶೋಧ ಕನ್ನಡದಲ್ಲಿ ಬೆಳೆದಿದೆ ಎಂದು ಹೇಳಬಹುದು.