ನಿಂತ ಚೆಂಡು

1948ರ ಜುಲೈ 31. ಲಂಡನ್ ಒಲಿಂಪಿಕ್ಸ್‌ನಲ್ಲಿ ಸ್ವತಂತ್ರ ಭಾರತದ ಮೊದಲ ಫುಟ್‌ಬಾಲ್ ಪಂದ್ಯ. ಇಲ್‌ಫರ್ಡ್ ಮೈದಾನದಲ್ಲಿ ಎದುರಾಳಿ ಫ್ರಾನ್ಸ್. ನಮ್ಮವರಲ್ಲಿ ಹೆಚ್ಚಿನವರದು ಬರಿಗಾಲು.

ಒಂದು ಗೋಲು ಹಿಂದಿದ್ದ ತಂಡವನ್ನು 70ನೇ ನಿಮಿಷದಲ್ಲಿ ಸಮಕ್ಕೆ ತಂದವರು ಬೆಂಗಳೂರಿನ ಸಾರಂಗಪಾಣಿ ರಾಮನ್. ಆದರೆ ಅಂದು ಸಿಕ್ಕ ಎರಡು ಪೆನಾಲ್ಟಿಗಳೂ ಕೈತಪ್ಪಿದವು. ಕೊನೆಗಳಿಗೆಯಲ್ಲಿ ಇನ್ನೊಂದು ಗೋಲು ಹೊಡೆದ ಫ್ರಾನ್ಸ್ 2–1ರಿಂದ ಗೆದ್ದಿತು. ಓಡುವ ಚೆಂಡು ಬಲೆ ಸೇರಿತ್ತು; ನಿಂತ ಚೆಂಡು ಎರಡು ಸಲವೂ ಸೇರಲಿಲ್ಲ.

1952ರಲ್ಲಿ ಹೆಲ್ಸಿಂಕಿಯಲ್ಲಿ ಯುಗೊಸ್ಲಾವಿಯಕ್ಕೆ 1–10ರಿಂದ ಸೋತ ಮೇಲೆ ಭಾರತ ಬೂಟು ಕಡ್ಡಾಯ ಮಾಡಿತು. ಹಾಗಾದರೆ ತಪ್ಪೆಲ್ಲ ಬರಿಗಾಲಿನದೇ?

ಅಮೆರಿಕನ್ ಫುಟ್‌ಬಾಲಿನಲ್ಲಿ ನಿಲ್ಲಿಸಿದ ಚೆಂಡನ್ನು ಒದೆಯಲೆಂದೇ ಒಬ್ಬ ಆಟಗಾರ ಇರುತ್ತಾನೆ, ಅವನೇ ಪ್ಲೇಸ್‌ಕಿಕರ್. 1979ರಲ್ಲಿ ಫಿಲಡೆಲ್ಫಿಯಾ ಈಗಲ್ಸ್ ಸೇರಿದ ಟೋನಿ ಫ್ರಾಂಕ್ಲಿನ್ ಒದೆಯುವ ಕಾಲಿಗೆ ಬೂಟೇ ಹಾಕುತ್ತಿರಲಿಲ್ಲ. ಅದೇ ವರ್ಷ ಡಲ್ಲಾಸ್ ವಿರುದ್ಧ 59 ಗಜ ದೂರದಿಂದ ಚೆಂಡನ್ನು ಕಂಬಗಳ ನಡುವೆ ದಾಟಿಸಿದರು. ಸುಮಾರು ಹತ್ತು ವರ್ಷ ಅವರ ಸಂಬಳದ ಕೆಲಸ ಅದೊಂದೇ.

ಇಲ್‌ಫರ್ಡಿನಲ್ಲಿ ಪೆನಾಲ್ಟಿ ಒದೆದವರು ಉಳಿದ ಹೊತ್ತೆಲ್ಲ ಓಡಿ ಆಡಿದವರು. ಒಂದೇ ಒದೆತವನ್ನು ದಿನವಿಡೀ ತಿದ್ದಿಕೊಳ್ಳುವ ಬದುಕು ಅವರಿಗೆ ಯಾರೂ ಕೊಟ್ಟಿರಲಿಲ್ಲ. ಬೂಟು ಕೊಳ್ಳುವುದು ಅದಕ್ಕಿಂತ ಸುಲಭ.