ಗಗನಯಾತ್ರೆ ಮತ್ತು ಸೈನಿಕನ ಕಾಯಕ

ಮಾನವನ ಅಂತರಿಕ್ಷಯಾನದ ಚರಿತ್ರೆಯ ಮೊದಲ ಪುಟಗಳಲ್ಲಿ ಕಾಣುವ ಹೆಸರುಗಳು ಬಹುಮಟ್ಟಿಗೆ ಸೈನಿಕರವು. 1959ರಲ್ಲಿ ಅಮೆರಿಕವು ಆರಿಸಿದ ಏಳು ಮಂದಿ ಗಗನಯಾತ್ರಿಗಳೂ ಸೇನೆಯ ಪರೀಕ್ಷಾ ವಿಮಾನಚಾಲಕರೇ. 1961ರ ಏಪ್ರಿಲ್ 12ರಂದು 108 ನಿಮಿಷಗಳ ಯಾನದಲ್ಲಿ ಭೂಮಿಯನ್ನು ಪ್ರದಕ್ಷಿಣೆ ಮಾಡಿ ಬಂದ ಯೂರಿ ಗಗಾರಿನ್ ಸೋವಿಯತ್ ವಾಯುಸೇನೆಯ ಅಧಿಕಾರಿ. ಇದಕ್ಕೆ ಕಾರಣವುಂಟು. ಹೊಸ ಯಂತ್ರವೊಂದು ಮೇಲೇರಿದಾಗ ಹೇಗೆ ವರ್ತಿಸುವುದೆಂದು ಯಾರೂ ಅರಿಯದ ಕಾಲದಲ್ಲಿ, ಪ್ರಾಣಭಯವನ್ನು ಬದಿಗೊತ್ತಿ, ಕಂಡುದನ್ನು ಕಂಡಂತೆ ವರದಿ ಮಾಡಬಲ್ಲವರು ಬೇಕಾಗಿದ್ದರು. ಆ ಶಿಸ್ತು ಪರೀಕ್ಷಾ ಚಾಲಕರಿಗೆ ಮೊದಲೇ ಮೈಗೂಡಿತ್ತು.

ನಮ್ಮ ದೇಶವೂ ಇದೇ ಹಾದಿಯನ್ನು ಹಿಡಿಯಿತು. ಸೋವಿಯತ್ ಒಕ್ಕೂಟದೊಡನೆ ಜಂಟಿಯಾನ ನಿಶ್ಚಯವಾದಾಗ ವಾಯುಸೇನೆಯ ಚಾಲಕರನ್ನು ಬೆಂಗಳೂರಿನ ವೈಮಾನಿಕ ವೈದ್ಯಕೀಯ ಸಂಸ್ಥೆಯಲ್ಲಿ ಕಠಿಣ ಪರೀಕ್ಷೆಗಳಿಗೆ ಒಳಪಡಿಸಲಾಯಿತು. ಕೊನೆಗೆ ಉಳಿದವರು ಇಬ್ಬರು: 1971ರ ಯುದ್ಧದಲ್ಲಿ ಮಿಗ್ ವಿಮಾನ ನಡೆಸಿದ್ದ ರಾಕೇಶ್ ಶರ್ಮಾ ಮತ್ತು ವಿಂಗ್ ಕಮಾಂಡರ್ ರವೀಶ್ ಮಲ್ಹೋತ್ರಾ. 1982ರಲ್ಲಿ ಇಬ್ಬರೂ ಮಾಸ್ಕೋ ಸಮೀಪದ ತರಬೇತಿ ಕೇಂದ್ರಕ್ಕೆ ತೆರಳಿದರು. ರಷ್ಯನ್ ಭಾಷೆಯನ್ನು ಕಲಿತರು. ಒಂದೇ ಬಗೆಯ ಅಭ್ಯಾಸವನ್ನು ಪೂರೈಸಿದರು. ಆದರೆ ಭಾರತೀಯನಿಗಿದ್ದ ಆಸನ ಒಂದೇ.

1984ರ ಏಪ್ರಿಲ್ 3ರಂದು ಶರ್ಮಾ ಅವರು ಮಾಲಿಷೆವ್ ಮತ್ತು ಸ್ಟ್ರೆಕಾಲೋವ್ ಅವರೊಡನೆ ಸೋಯುಜ್ ಟಿ-11 ನೌಕೆಯಲ್ಲಿ ಮೇಲೇರಿ ಸಾಲ್ಯುತ್-7 ನಿಲ್ದಾಣವನ್ನು ಸೇರಿದರು. ಸುಮಾರು ಎಂಟು ದಿನಗಳ ಯಾನದಲ್ಲಿ ಭಾರತದ ನೆಲದ ಛಾಯಾಚಿತ್ರಗಳನ್ನು ತೆಗೆದರು. ಭಾರವಿಲ್ಲದ ಸ್ಥಿತಿಯಲ್ಲಿ ದೇಹ ಹೇಗೆ ನಡೆದುಕೊಳ್ಳುವುದೆಂದು ತಿಳಿಯಲು ಯೋಗಾಭ್ಯಾಸ ಮಾಡಿದರು. ದೇಶವು ಅವರಿಗೆ ಅಶೋಕಚಕ್ರವನ್ನಿತ್ತು ಗೌರವಿಸಿತು.

ಮಲ್ಹೋತ್ರಾ ಅವರು ಭೂಮಿಯಲ್ಲೇ ಉಳಿದರು. ಅವರಿಗೆ ಕೀರ್ತಿಚಕ್ರ ಸಂದಿತಾದರೂ ಜನರ ನೆನಪಿನಲ್ಲಿ ದೊರೆತ ಸ್ಥಳ ಅಲ್ಪ. ಆದರೂ ಸಿದ್ಧನಾಗಿ ನಿಂತ ಎರಡನೆಯವನಿಲ್ಲದೆ ಮೊದಲನೆಯವನ ಪ್ರಯಾಣವನ್ನು ಯಾವ ರಾಷ್ಟ್ರವೂ ನಿಶ್ಚಿತವಾಗಿ ಯೋಜಿಸಲಾರದು. 2025ರ ಜೂನ್ 25ರಂದು ವಾಯುಸೇನೆಯ ಶುಭಾಂಶು ಶುಕ್ಲಾ ಅವರು ಅಂತರರಾಷ್ಟ್ರೀಯ ನಿಲ್ದಾಣಕ್ಕೆ ಹೊರಟಾಗಲೂ, ಬದಲಿಯಾಗಿ ಸಿದ್ಧರಾಗಿದ್ದವರು ಅದೇ ಸೇನೆಯ ಪ್ರಶಾಂತ್ ಬಾಲಕೃಷ್ಣನ್ ನಾಯರ್.

ಶರಣರು ಕಾಯಕವನ್ನು ದೊರೆಯುವ ಕೀರ್ತಿಯಿಂದ ಅಳೆಯಲಿಲ್ಲ. ಮಾಡುವವನ ನಿಷ್ಠೆಯಿಂದ ಅಳೆದರು. ಆ ಅಳತೆಯಲ್ಲಿ ನೋಡಿದರೆ, ಏರಿದವನಿಗೂ ಕಾದು ನಿಂತವನಿಗೂ ತಾರತಮ್ಯವಿಲ್ಲ. ಗಗನಯಾತ್ರಿಯ ಚಿತ್ರವನ್ನು ಮಕ್ಕಳಿಗೆ ತೋರಿಸುವ ಹಿರಿಯರು ಕಾದು ನಿಂತವನ ಹೆಸರನ್ನೂ ಹೇಳಿಕೊಡುವುದು ಉಚಿತ.