ಕನ್ನಡ ಚಿತ್ರಕಥೆಯ ಕಾಲಮಾಪನ: ಒಂದು ಟಿಪ್ಪಣಿ

ಚಿತ್ರಕಥೆಯ ಒಂದು ಪುಟ ತೆರೆಯ ಮೇಲೆ ಸುಮಾರು ಒಂದು ನಿಮಿಷ. ಹಾಲಿವುಡ್‌ನ ಈ ಲೆಕ್ಕ ಈಗ ಎಲ್ಲೆಡೆ ರೂಢಿಯಲ್ಲಿದೆ. ಹಲವು ಭಾಷೆಯವರು ಕೂಡಿ ಕೆಲಸ ಮಾಡುವ ದುಬೈನ ಅಲ್ ಕೂಜ್‌ನಂಥ ಕಡೆ ಕನ್ನಡದ ಪ್ರತಿಯನ್ನೂ ಇದೇ ಅಳತೆಗೋಲಿನಿಂದ ಅಳೆಯುವುದು ಸುಲಭವೆನಿಸುತ್ತದೆ. ಆದರೆ ಈ ಅಳತೆ ಕನ್ನಡಕ್ಕೆ ಹೊಂದುವುದಿಲ್ಲ. ಹೊಂದುವ ಅಳತೆಯೊಂದು ನಮ್ಮ ಛಂದಸ್ಸಿನಲ್ಲೇ ಇದೆ ಎಂಬುದು ಈ ಟಿಪ್ಪಣಿಯ ವಾದ.

ಲೆಕ್ಕದ ಬೇರು ಟೈಪ್‌ರೈಟರಿನಲ್ಲಿದೆ. 12 ಪಾಯಿಂಟಿನ ಕೊರಿಯರ್ ಫಾಂಟಿನಲ್ಲಿ ಪ್ರತಿ ಇಂಗ್ಲಿಷ್ ಅಕ್ಷರಕ್ಕೂ ಒಂದೇ ಅಗಲ: ಇಂಚಿಗೆ 10 ಅಕ್ಷರ, 6 ಸಾಲು. ಹಾಗಾಗಿ ಯಾರು ಟೈಪ್ ಮಾಡಿದರೂ ಪುಟ ಹಿಡಿಯುವ ಮಾತಿನ ಪ್ರಮಾಣ ಹೆಚ್ಚು ಕಡಿಮೆ ಒಂದೇ. ಕನ್ನಡದ 'ರ' ಕಿರಿದು, 'ಮ' ಅಗಲ. ಒತ್ತಕ್ಷರ ಸಾಲಿನ ಕೆಳಕ್ಕೆ ಇಳಿಯುವುದರಿಂದ ಸಾಲುಗಳ ನಡುವೆ ಹೆಚ್ಚು ಜಾಗ ಬಿಡಬೇಕು. ಫಾಂಟ್ ಬದಲಾದರೆ ಅದೇ ಕಥೆಯ ಪುಟಸಂಖ್ಯೆಯೂ ಬದಲಾಗುತ್ತದೆ.

ಪುಟ ಬಿಟ್ಟು ಸಂಕೇತಗಳನ್ನು ಎಣಿಸಿದರೂ ಫಲವಿಲ್ಲ. 'ಸ್ವಾತಂತ್ರ್ಯ' ಎಂಬ ಪದದಲ್ಲಿ 11 ಯೂನಿಕೋಡ್ ಸಂಕೇತಗಳಿವೆ, 'ಮಳೆಗಾಲ'ದಲ್ಲಿ 6. ಗಣಕಕ್ಕೆ ಮೊದಲನೆಯದು ಎರಡನೆಯದರ ಸುಮಾರು ಎರಡರಷ್ಟು. ಈಗ ಲಘು ಗುರು ಹಾಕಿ ನೋಡಿ. ಸ್ವಾ, ತಂ ಎರಡೂ ಗುರು, ತ್ರ್ಯ ಲಘು: 5 ಮಾತ್ರೆ. ಮ, ಳೆ ಲಘು, ಗಾ ಗುರು, ಲ ಲಘು: ಇಲ್ಲಿಯೂ 5. ಮಾತ್ರೆಯೆಂದರೆ ಉಚ್ಚಾರಣೆಗೆ ಹಿಡಿಯುವ ಕಾಲ. ಸಂಭಾಷಣೆಯ ವಿಮರ್ಶಕನಿಗೆ ಬೇಕಾದದ್ದೂ ಅದೇ.

ಎರಡನೆಯ ತೊಡಕು ರೂಪದ್ದು. 2012ರಲ್ಲಿ ಜಾನ್ ಆಗಸ್ಟ್, ಸ್ಟು ಮ್ಯಾಶ್ವಿಟ್ಜ್ ಮೊದಲಾದವರು ರೂಪಿಸಿದ, ಚಿತ್ರಕಥೆಯನ್ನು ಸರಳ ಪಠ್ಯದಲ್ಲೇ ಬರೆಯುವ ಫೌಂಟನ್ ಪದ್ಧತಿ ಪಾತ್ರದ ಹೆಸರನ್ನು ಗುರುತಿಸುವುದು ಇಂಗ್ಲಿಷಿನ ದೊಡ್ಡಕ್ಷರಗಳಿಂದ. ಕನ್ನಡದಲ್ಲಿ ದೊಡ್ಡಕ್ಷರ, ಚಿಕ್ಕಕ್ಷರವೆಂಬ ಭೇದವೇ ಇಲ್ಲ. ಹೆಸರಿನ ಮುಂದೆ '@' ಹಾಕಬೇಕು. 'ಒಳಾಂಗಣ' ಎಂದು ದೃಶ್ಯ ಆರಂಭಿಸಿದರೆ ಅದರ ಮುಂದೆ ಚುಕ್ಕಿ ಇಡಬೇಕು. ಅರಬ್ಬಿಗೂ ಇದೇ ಪಾಡು. ಅಲ್ ಕೂಜ್‌ನ ಗೋದಾಮುಗಳ ನಡುವೆ, ಅಲ್‌ಸರ್ಕಲ್ ಅವೆನ್ಯೂನಲ್ಲಿ, 2018ರಿಂದ ನೆಲೆ ನಿಂತಿರುವ ಸಿನೆಮಾ ಅಕೀಲ್ ಚಿತ್ರಮಂದಿರ ಹಲವು ದೇಶಗಳ ಸ್ವತಂತ್ರ ಚಿತ್ರಗಳನ್ನು ತೋರಿಸುತ್ತದೆ. ಆ ನೆರೆಯಲ್ಲಿ ಕುಳಿತು ಬರೆಯುವ ಅರಬ್ಬಿ ಲೇಖಕನೂ ಕನ್ನಡ ಲೇಖಕನೂ ಈ ಒಂದು ವಿಷಯದಲ್ಲಿ ಸಮಾನದುಃಖಿಗಳು. ಬೆಂಗಳೂರಿನಲ್ಲಿ ರೂಪುಗೊಂಡ ಸ್ಕ್ರೈಟ್ ಎಂಬ ಚಿತ್ರಕಥೆ ತಂತ್ರಾಂಶ ಕನ್ನಡವೂ ಸೇರಿ ಹಲವು ಭಾರತೀಯ ಭಾಷೆಗಳಲ್ಲಿ ಬರೆಯಲು ಅವಕಾಶ ಕೊಟ್ಟಿರುವುದು ಆದ್ದರಿಂದ ದೊಡ್ಡ ಉಪಕಾರ.

ಮೂರನೆಯದು ಎರಡು ಕರಡುಗಳನ್ನು ಹೋಲಿಸುವಾಗಿನದು. 'ೀ' ಸ್ವರಚಿಹ್ನೆಯನ್ನು ಒಂದೇ ಸಂಕೇತವಾಗಿಯೂ ಉಳಿಸಬಹುದು, 'ಿ' ಜೊತೆಗೆ ದೀರ್ಘದ ಗುರುತು ಸೇರಿಸಿ ಎರಡಾಗಿಯೂ ಉಳಿಸಬಹುದು. ಕಣ್ಣಿಗೆ ಎರಡೂ ಒಂದೇ. ಈ ಭೇದವನ್ನು ಸರಿದೂಗಿಸದ ತಂತ್ರಾಂಶ ಮಾತ್ರ ಲೇಖಕ ಮುಟ್ಟದ ಸಾಲನ್ನೂ ತಿದ್ದುಪಡಿಯೆಂದು ತೋರಿಸುತ್ತದೆ.

ಹೀಗಾಗಿ ಓದುಗ ವಿಮರ್ಶಕರಿಗೆ ಮೂರು ಸಲಹೆ. ಟಿಪ್ಪಣಿಗಳಲ್ಲಿ ಪುಟಸಂಖ್ಯೆಯ ಬದಲು ದೃಶ್ಯಸಂಖ್ಯೆ ನಮೂದಿಸಿ. ಹೋಲಿಕೆಗೆ ಮುಂಚೆ ಎರಡೂ ಕರಡುಗಳನ್ನು ಯೂನಿಕೋಡ್‌ನ ಒಂದೇ ರೂಪಕ್ಕೆ ತನ್ನಿ. ಅವಧಿಯನ್ನು ಹೇಳುವ ಮುನ್ನ ಪ್ರತಿ ದೃಶ್ಯವನ್ನು ಗಡಿಯಾರ ಇಟ್ಟುಕೊಂಡು ಗಟ್ಟಿಯಾಗಿ ಓದಿ. ಏಕೆಂದರೆ ಮಾತ್ರೆಯ ಎಣಿಕೆ ಮಾತಿನ ಕಾಲವನ್ನಷ್ಟೇ ಹೇಳುತ್ತದೆ. ನಟನ ಉಸಿರು, ತಡವರಿಕೆ, ಮೌನ ಅದಕ್ಕೆ ಸಿಗುವುದಿಲ್ಲ. ಮಂಡ್ಯದ ಮಾತಿಗೂ ಕುಂದಾಪುರದ ಮಾತಿಗೂ ಓಟ ಬೇರೆ, ನಿಲುಗಡೆ ಬೇರೆ. ದುಬೈನಲ್ಲಿ ಕುಳಿತು ಓದುವವರು ಆ ಓಟವನ್ನು ಕಿವಿಯಲ್ಲಿ ಉಳಿಸಿಕೊಂಡಿದ್ದರೆ, ಚಿತ್ರಕಥೆಯ ನಿಜವಾದ ಉದ್ದ ಅವರ ನಾಲಿಗೆಯ ಮೇಲೆಯೇ ಗೊತ್ತಾಗುತ್ತದೆ.